ಕಾನೂನು ಬಿಡಿಸಿದ ನಂಟು: ಯುದ್ಧೋತ್ತರ ಜಪಾನೀ ಚಲನಚಿತ್ರಗಳಲ್ಲಿ ಏಕಾಕಿತನ ಮತ್ತು ಪ್ರೀತಿ

೧

ಎರಡನೆಯ ಮಹಾಯುದ್ಧದ ಅನಂತರದ ಎರಡು ದಶಕಗಳ ಜಪಾನೀ ಚಲನಚಿತ್ರಗಳನ್ನು ಕುರಿತ ಚರ್ಚೆಗಳಲ್ಲಿ ಏಕಾಕಿತನವೆಂಬುದು ಬಹುಬೇಗ ಒಂದು ಸೌಂದರ್ಯತತ್ವವಾಗಿ ಮಾರ್ಪಡುತ್ತದೆ. ಜನರಿಲ್ಲದ ಕೋಣೆ, ಒಣಹಾಕಿದ ಬಟ್ಟೆ, ಊರಂಚಿನಲ್ಲಿ ಹಾದುಹೋಗುವ ರೈಲು, ತನ್ನಷ್ಟಕ್ಕೆ ಬೀಸಣಿಗೆ ಬೀಸಿಕೊಳ್ಳುತ್ತ ಕುಳಿತ ಮುದುಕ, ಇಂತಹ ದೃಶ್ಯಗಳು ಎದುರಾದೊಡನೆ ವಿಮರ್ಶೆಯು 'ಮೊನೊ ನೊ ಅವರೆ' ಎಂಬ ಪರಿಕಲ್ಪನೆಯ ಮೊರೆಹೋಗುತ್ತದೆ. ಹದಿನೆಂಟನೆಯ ಶತಮಾನದ ವಿದ್ವಾಂಸ ಮೊತೂರಿ ನೊರಿನಾಗ ಹಳೆಯ ಜಪಾನೀ ಸಾಹಿತ್ಯದ ತಿರುಳೆಂದು ವಿವರಿಸಿದ ಈ ಪದಕ್ಕೆ, ಲೋಕದ ವಸ್ತುಗಳು ಮನಸ್ಸನ್ನು ತಟ್ಟಿದಾಗ ಹುಟ್ಟುವ ಆರ್ದ್ರಭಾವ ಎಂದು ಸ್ಥೂಲವಾಗಿ ಅರ್ಥ ಹೇಳಬಹುದು. ಯಸುಜಿರೊ ಓಝುವಿನ ಚಿತ್ರಗಳನ್ನು ಪಶ್ಚಿಮಕ್ಕೆ ಪರಿಚಯಿಸಿದವರಲ್ಲಿ ಪ್ರಮುಖನಾದ ಡೊನಾಲ್ಡ್ ರಿಚಿ ಈ ಭಾವಕ್ಕೆ ಬಹಳ ಮಹತ್ವ ಕೊಟ್ಟ. ೧೯೭೨ರಲ್ಲಿ ಪಾಲ್ ಶ್ರೇಡರ್ ಓಝುವನ್ನು ಬ್ರೆಸ್ಸೊನ್ ಮತ್ತು ಡ್ರೇಯರ್ ಅವರ ಜೊತೆಗಿರಿಸಿ, ಝೆನ್ ಸಂಸ್ಕೃತಿಯ ಬೆಳಕಿನಲ್ಲಿ ಅವನನ್ನು ಲೋಕಾತೀತದ ಕಡೆಗೆ ಕೈತೋರುವ ಕಲಾವಿದನೆಂದು ವ್ಯಾಖ್ಯಾನಿಸಿದ. ಈ ಬಗೆಯ ಓದನ್ನು ಜಪಾನಿನಲ್ಲಿಯೇ ಶಿಗೆಹಿಕೊ ಹಸುಮಿ (೧೯೮೩), ಅಮೆರಿಕದಲ್ಲಿ ಡೇವಿಡ್ ಬೋರ್ಡ್‌ವೆಲ್ (೧೯೮೮) ತಮ್ಮ ತಮ್ಮ ರೀತಿಯಲ್ಲಿ ಪ್ರಶ್ನಿಸಿದ್ದಾರೆ. ಹಾಗಿದ್ದೂ ಜಪಾನೀ ಸಿನಿಮಾದ ಏಕಾಕಿತನವೆಂದರೆ ಒಂದು ಜನಾಂಗದ ಸ್ಥಾಯೀ ಸ್ವಭಾವ, ಅದು ಚರಿತ್ರೆಗೆ ಹೊರತಾದುದು ಎಂಬ ನಂಬಿಕೆ ಸಡಿಲಗೊಂಡಿಲ್ಲ.

ಪ್ರಸ್ತುತ ಲೇಖನದಲ್ಲಿ ಈ ನಂಬಿಕೆಯನ್ನು ಬದಿಗಿಟ್ಟು ಒಂದು ಸರಳವಾದ ಪ್ರಶ್ನೆಯನ್ನು ಕೇಳಿಕೊಳ್ಳಲಾಗಿದೆ. ಈ ಚಿತ್ರಗಳಲ್ಲಿ ಒಂಟಿಯಾಗಿರುವವರು ಯಾರು? ಅವರು ಯಾರಿಗೆ ಏನಾಗಬೇಕು? ಹೀಗೆ ಕೇಳಿದಾಗ ಮತ್ತೆ ಮತ್ತೆ ಎದುರಾಗುವ ವ್ಯಕ್ತಿ ಯುದ್ಧದಲ್ಲಿ ಗಂಡನನ್ನು ಕಳೆದುಕೊಂಡ ಹೆಂಗಸು. ಅದರಲ್ಲಿಯೂ ಗಂಡ ಸತ್ತ ಮೇಲೆ ಅತ್ತೆ ಮಾವಂದಿರ ನಂಟನ್ನು ಬಿಡದೆ ಉಳಿದ ಸೊಸೆ. ಆಕೆ ಆ ಮನೆಯವಳೂ ಹೌದು, ಅಲ್ಲವೂ ಹೌದು. ಆಕೆಯ ಪ್ರೀತಿಗೆ ಹೆಸರಿದೆ, ಆದರೆ ಆ ಹೆಸರಿನ ಕೆಳಗಿದ್ದ ನೆಲ ಕುಸಿದಿದೆ. ಪ್ರೀತಿಯ ಅಭಾವದಿಂದ ಏಕಾಕಿತನ ಹುಟ್ಟುತ್ತದೆಂಬ ಸಾಮಾನ್ಯ ಗ್ರಹಿಕೆಯನ್ನು ಈ ಚಿತ್ರಗಳು ತಿರುಗುಮುರುಗಾಗಿಸುತ್ತವೆ. ಇಲ್ಲಿ ಒಂಟಿತನ ಬರುವುದು ಪ್ರೀತಿಯಿಂದಲೇ. ಯಾರೂ ವಿಧಿಸದ, ಯಾವ ಕಟ್ಟಳೆಯೂ ಬೇಡದ ಪ್ರೀತಿಯಿಂದ.

೨

ಇದು ಅರ್ಥವಾಗಬೇಕಾದರೆ ಯುದ್ಧಾನಂತರ ಜಪಾನಿನ ಕುಟುಂಬ ಕಾನೂನಿನಲ್ಲಿ ನಡೆದ ಪಲ್ಲಟವನ್ನು ನೆನಪಿಸಿಕೊಳ್ಳಬೇಕು. ೧೮೯೮ರಲ್ಲಿ ಜಾರಿಗೆ ಬಂದ ಮೆಯ್ಜಿ ಕಾಲದ ಕುಟುಂಬ ಸಂಹಿತೆಯು 'ಇಎ' ಎಂಬ ಮನೆತನವನ್ನು ಸಮಾಜದ ಘಟಕವೆಂದು ಅಂಗೀಕರಿಸಿತ್ತು. ಮನೆತನಕ್ಕೆ ಒಬ್ಬ ಯಜಮಾನ. ಮನೆಯವರ ವಿವಾಹಕ್ಕೆ ಅವನ ಒಪ್ಪಿಗೆ ಅಗತ್ಯ. ಯಜಮಾನಿಕೆ ಸಾಮಾನ್ಯವಾಗಿ ಹಿರಿಯ ಮಗನಿಗೆ. ಮದುವೆಯಾದ ಹೆಣ್ಣು ಗಂಡನನ್ನು ಸೇರುತ್ತಿದ್ದಳು ಎನ್ನುವುದಕ್ಕಿಂತ ಗಂಡನ ಮನೆತನವನ್ನು ಸೇರುತ್ತಿದ್ದಳು ಎನ್ನುವುದೇ ಸರಿ. ಸೋಲಿನ ಬಳಿಕ, ಅಮೆರಿಕದ ಆಡಳಿತದ ಕಾಲದಲ್ಲಿ ರಚಿತವಾಗಿ ೧೯೪೭ರ ಮೇ ೩ರಂದು ಜಾರಿಗೆ ಬಂದ ಸಂವಿಧಾನದ ೨೪ನೆಯ ವಿಧಿಯು ವಿವಾಹವು ಗಂಡು ಹೆಣ್ಣುಗಳಿಬ್ಬರ ಸಮ್ಮತಿಯನ್ನು ಮಾತ್ರ ಆಧರಿಸಿರತಕ್ಕದ್ದೆಂದು ಘೋಷಿಸಿತು. ಈ ವಿಧಿಯ ಮೊದಲ ಕರಡನ್ನು ಬರೆದವಳು ಬಿಯಾಟೆ ಸಿರೋಟ ಎಂಬ ಇಪ್ಪತ್ತೆರಡರ ತರುಣಿ. ಅದಕ್ಕೆ ಅನುಗುಣವಾಗಿ ತಿದ್ದಲ್ಪಟ್ಟ ಸಿವಿಲ್ ಸಂಹಿತೆ ೧೯೪೮ರ ಜನವರಿ ೧ರಿಂದ ಜಾರಿಗೆ ಬಂದಾಗ ಇಎ ಪದ್ಧತಿ ಕಾನೂನಿನ ಪುಟಗಳಿಂದ ಮರೆಯಾಯಿತು.

ಈ ಸಂಹಿತೆಯ ೭೨೮ನೆಯ ವಿಧಿ ನಮ್ಮ ಚರ್ಚೆಗೆ ಬಹುಮುಖ್ಯವಾದುದು. ಗಂಡ ಹೆಂಡಿರಲ್ಲಿ ಒಬ್ಬರು ತೀರಿಕೊಂಡಾಗ, ಉಳಿದವರು ತಮ್ಮ ಇಚ್ಛೆಯನ್ನು ಪ್ರಕಟಿಸುವುದರ ಮೂಲಕ ಮೃತರ ಕಡೆಯ ಬಂಧುಗಳೊಡನೆ ಇರುವ ಸಂಬಂಧವನ್ನು ಕೊನೆಗೊಳಿಸಿಕೊಳ್ಳಬಹುದೆಂದು ಅದು ಹೇಳುತ್ತದೆ. ಅಂದರೆ ಗಂಡ ಸತ್ತ ಸೊಸೆ ಅತ್ತೆ ಮಾವಂದಿರ ಸೊಸೆಯಾಗಿ ಉಳಿಯುವುದು ಇನ್ನು ಮುಂದೆ ಆಕೆಯ ಮರ್ಜಿ. ಇದು ಬಿಡುಗಡೆಯೇ, ಸಂಶಯವಿಲ್ಲ. ಆದರೆ ಕರ್ತವ್ಯವಾಗಿದ್ದಾಗ ಯಾರೂ ಪ್ರಶ್ನಿಸದಿದ್ದ ಅಕ್ಕರೆಯು ಆಯ್ಕೆಯಾದೊಡನೆ ವಿವರಣೆಯನ್ನು ಬೇಡತೊಡಗುತ್ತದೆ. ನೀನು ಇನ್ನೂ ಏಕೆ ಇಲ್ಲಿದ್ದೀಯೆ? ಈ ಪ್ರಶ್ನೆಯನ್ನು ಯುದ್ಧೋತ್ತರ ಚಿತ್ರಗಳ ಸೊಸೆಯಂದಿರಿಗೆ ಎಲ್ಲರೂ ಕೇಳುತ್ತಾರೆ. ಪ್ರೀತಿಯಿಂದ ಕೇಳುವವರೂ ಉಂಟು, ಹೊರದೂಡಲೆಂದು ಕೇಳುವವರೂ ಉಂಟು.

ಇದೇ ಹೊತ್ತಿನಲ್ಲಿ ಗಂಡುಹೆಣ್ಣಿನ ಪ್ರೇಮವೂ ಹೊಸ ಆಡಳಿತದ ಧೋರಣೆಯ ಭಾಗವಾಯಿತು. ಯುದ್ಧಕಾಲದ ಜಪಾನೀ ಚಿತ್ರಗಳಲ್ಲಿ ಚುಂಬನಕ್ಕೆ ಎಡೆಯಿರಲಿಲ್ಲ. ಅಮೆರಿಕದ ಅಧಿಕಾರಿಗಳು ಅದನ್ನು ಮುಕ್ತತೆಯ ಲಕ್ಷಣವೆಂದು ಪ್ರೋತ್ಸಾಹಿಸಿದರು. ೧೯೪೬ರ ಮೇ ತಿಂಗಳಲ್ಲಿ ಯಸುಶಿ ಸಸಾಕಿಯ 'ಹತಾಚಿ ನೊ ಸೆಯ್ಶುನ್' (ಇಪ್ಪತ್ತರ ಯೌವನ) ತೆರೆಕಂಡಾಗ ಸುದ್ದಿಯಾದುದು ಅದರ ಕಥೆಯಲ್ಲ, ಅದರಲ್ಲಿದ್ದ ಚುಂಬನ. ಪ್ರೇಮವೆಂಬರ್ಥದ 'ರೆನ್‌ಆಯ್' ಎಂಬ ಪದವೇ ಮೆಯ್ಜಿ ಕಾಲದಲ್ಲಿ ಪಶ್ಚಿಮದ ಕಲ್ಪನೆಯನ್ನು ಹೇಳಲು ರೂಢಿಗೊಂಡ ಪದವೆಂಬುದನ್ನು ನೆನೆದರೆ ಇದರ ವಿಚಿತ್ರ ಹೊಳೆಯುತ್ತದೆ. ಎರಡನೆಯ ಬಾರಿಗೆ ಪ್ರೇಮ ಹೊರಗಿನಿಂದ ಬಂದಿತ್ತು, ಈ ಸಲ ಆದೇಶದ ಧಾಟಿಯಲ್ಲಿ. ತದಾಶಿ ಇಮಾಯ್ ೧೯೫೦ರಲ್ಲಿ ನಿರ್ದೇಶಿಸಿದ 'ಮತ ಔ ಹಿ ಮದೆ' (ಮತ್ತೆ ಭೇಟಿಯಾಗುವವರೆಗೆ) ಚಿತ್ರದ ಪ್ರಸಿದ್ಧ ದೃಶ್ಯವನ್ನು ಈ ಹಿನ್ನೆಲೆಯಲ್ಲಿ ನೋಡಬೇಕು. ಯುದ್ಧದ ನೆರಳಿನಲ್ಲಿ ಪ್ರೀತಿಸುವ ಇಬ್ಬರು ತರುಣರು ಕಿಟಕಿಯ ಗಾಜಿನ ಈಚೆ ಆಚೆ ನಿಂತು ಚುಂಬಿಸುತ್ತಾರೆ. ತುಟಿಗೆ ತಗಲುವುದು ಗಾಜು. ಚಿತ್ರದ ಮೂಲ ರೊಮೇನ್ ರೋಲಾನನ ಫ್ರೆಂಚ್ ಕೃತಿಯಾದರೂ ನಡುವೆ ಗಾಜನ್ನಿಟ್ಟುಕೊಂಡ ಆ ಮುತ್ತು ಆ ವರ್ಷಗಳ ಜಪಾನಿಗೆ ಸಲ್ಲುವಂತಹುದು.

೩

ಓಝುವಿನ 'ಟೋಕಿಯೊ ಮೊನೊಗತಾರಿ' (ಟೋಕಿಯೊ ಕಥೆ) ೧೯೫೩ರಲ್ಲಿ ಬಿಡುಗಡೆಯಾಯಿತು. ಅಮೆರಿಕದ ಆಡಳಿತ ಮುಗಿದು ಒಂದೂವರೆ ವರ್ಷವಾಗಿತ್ತು. ಓಝು ಮತ್ತು ಕೋಗೊ ನೋದ ಕೂಡಿ ಬರೆದ ಕಥೆ ಬಹಳ ಸಣ್ಣದು. ಒನೊಮಿಚಿ ಎಂಬ ಕಡಲ ತೀರದ ಊರಿನಿಂದ ಶುಕಿಚಿ ಮತ್ತು ತೊಮಿ ಎಂಬ ವೃದ್ಧ ದಂಪತಿಗಳು ಟೋಕಿಯೊದಲ್ಲಿರುವ ಮಕ್ಕಳನ್ನು ನೋಡಲು ಹೋಗುತ್ತಾರೆ. ಹಿರಿಯ ಮಗ ವೈದ್ಯ, ಮಗಳು ಶಿಗೆ ಕೇಶಾಲಂಕಾರದ ಅಂಗಡಿಯವಳು. ಇಬ್ಬರಿಗೂ ಬಿಡುವಿಲ್ಲ. ಹೆತ್ತವರನ್ನು ಅತಾಮಿಯ ಬಿಸಿನೀರ ಬುಗ್ಗೆಗಳ ಊರಿಗೆ ಸಾಗಹಾಕುತ್ತಾರೆ. ಅಲ್ಲಿನ ವಸತಿಗೃಹದ ಗದ್ದಲದಲ್ಲಿ ಮುದುಕರಿಗೆ ನಿದ್ದೆ ಬರುವುದಿಲ್ಲ. ಊರಿಗೆ ಮರಳಿದ ಕೆಲವೇ ದಿನಗಳಲ್ಲಿ ತೊಮಿ ತೀರಿಕೊಳ್ಳುತ್ತಾಳೆ. ಈ ನಡುವೆ ಅವರನ್ನು ಕೆಲಸಕ್ಕೆ ರಜೆ ಹಾಕಿ ನಗರ ಸುತ್ತಿಸಿದವಳು, ನೆರೆಮನೆಯಿಂದ ಸಾಕೆ ಕಡ ತಂದು ಉಪಚರಿಸಿದವಳು, ಅತ್ತೆಯ ಭುಜ ಒತ್ತಿದವಳು, ಹೊರಡುವಾಗ ಕೈಗೆ ನಾಲ್ಕು ಕಾಸು ಇಟ್ಟವಳು ನೊರಿಕೊ. ಎಂಟು ವರ್ಷಗಳ ಹಿಂದೆ ಯುದ್ಧದಲ್ಲಿ ಸತ್ತ ಎರಡನೆಯ ಮಗ ಶೋಜಿಯ ಹೆಂಡತಿ.

ಮಕ್ಕಳು ಕೃತಘ್ನರು, ಸೊಸೆ ದೇವತೆ ಎಂದು ಈ ಚಿತ್ರವನ್ನು ಓದುವುದು ಸುಲಭ. ನಮ್ಮ ಕೌಟುಂಬಿಕ ಚಿತ್ರಗಳಿಗೆ ಒಗ್ಗಿದ ಕಣ್ಣಿಗೆ ಇನ್ನೂ ಸುಲಭ. ಚಿತ್ರ ಮಾತ್ರ ಈ ಓದನ್ನು ಒಪ್ಪುವುದಿಲ್ಲ. ಅಂತ್ಯಕ್ರಿಯೆ ಮುಗಿದೊಡನೆ ತಾಯಿಯ ಉಡುಪನ್ನು ನೆನಪಿಗೆಂದು ಕೇಳುವ ಶಿಗೆಯ ಮೇಲೆ ಕಿರಿಯ ಮಗಳು ಕ್ಯೋಕೊ ಸಿಟ್ಟಾದಾಗ ಆಕೆಯ ಪರವಾಗಿ ಮಾತನಾಡುವವಳು ನೊರಿಕೊ. ಬೆಳೆದ ಮಕ್ಕಳಿಗೆ ಅವರದೇ ಬದುಕಿರುತ್ತದೆ, ತಾನೂ ಹಾಗಾಗಬಹುದು ಎಂದು ಅವಳು ಹೇಳುತ್ತಾಳೆ. ಬದುಕು ನಿರಾಶೆಯದಲ್ಲವೇ ಎಂದು ಕ್ಯೋಕೊ ಕೇಳಿದಾಗ ಹೌದೆಂದು ಒಪ್ಪುತ್ತಾಳೆ, ನಗುತ್ತಲೇ ಒಪ್ಪುತ್ತಾಳೆ. ಸೆತ್ಸುಕೊ ಹರಾ ಎಂಬ ನಟಿಯ ಆ ನಗೆಯ ಬಗ್ಗೆ ಪುಟಗಟ್ಟಲೆ ಬರೆದವರಿದ್ದಾರೆ. ಅದರಲ್ಲಿ ಸಹನೆಯನ್ನು ಮಾತ್ರ ಕಂಡವರು ಮುಂದಿನ ದೃಶ್ಯವನ್ನು ಸರಿಯಾಗಿ ಕೇಳಿಸಿಕೊಂಡಿಲ್ಲವೆಂದೇ ನನ್ನ ಅನಿಸಿಕೆ.

ಮುಂದಿನ ದೃಶ್ಯದಲ್ಲಿ ಶುಕಿಚಿ ಸೊಸೆಗೆ ಮರುಮದುವೆಯಾಗಲು ಹೇಳುತ್ತಾನೆ. ತಾನು ಸಾಕಿದ ಮಕ್ಕಳಿಗಿಂತ, ಹೇಳಬೇಕೆಂದರೆ 'ತಾನಿನ್' ಆದ ನೀನು ನಮ್ಮನ್ನು ಹೆಚ್ಚು ಚೆನ್ನಾಗಿ ನೋಡಿಕೊಂಡೆ, ವಿಚಿತ್ರವೇ ಸರಿ ಎಂಬ ಅರ್ಥದ ಮಾತನ್ನಾಡುತ್ತಾನೆ. ತಾನಿನ್ ಎಂದರೆ ರಕ್ತಸಂಬಂಧವಿಲ್ಲದವರು, ಹೊರಗಿನವರು, ಪರರು. ಚಿತ್ರದುದ್ದಕ್ಕೂ ನೊರಿಕೊ ಇವರನ್ನು ಅಪ್ಪ, ಅಮ್ಮ ಎಂದು ಕರೆದಿದ್ದಾಳೆ. ಈಗ ಅತ್ಯಂತ ಆತ್ಮೀಯವಾದ ಗಳಿಗೆಯಲ್ಲಿ, ಕೃತಜ್ಞತೆಯ ಮಾತಿನ ನಡುವೆ, ಅವಳು ಪರಕೀಯಳೆಂಬ ಸತ್ಯ ಹೊರಬೀಳುತ್ತದೆ. ಅದನ್ನು ಹೇಳದೆ ಮುದುಕನಿಗೆ ಅವಳನ್ನು ಬಿಡುಗಡೆ ಮಾಡಲು ಬೇರೆ ದಾರಿಯಿಲ್ಲ. ಪ್ರೀತಿಸುವವನು ಮಾಡಬಹುದಾದ ಕಡೆಯ ಕೆಲಸ ನಂಟನ್ನು ಕಡಿಯುವುದು. ಇದೇ ಆ ದೃಶ್ಯದ ಕ್ರೌರ್ಯ, ಇದೇ ಅದರ ಅಕ್ಕರೆ.

ನೊರಿಕೊಳ ಉತ್ತರ ಇನ್ನೂ ಮುಖ್ಯವಾದುದು. ತಾನು ಅವರು ಭಾವಿಸಿದಷ್ಟು ಒಳ್ಳೆಯವಳಲ್ಲವೆಂದೂ ತಾನು 'ಜುರುಯಿ' ಎಂದೂ ಆಕೆ ಹೇಳಿಕೊಳ್ಳುತ್ತಾಳೆ. ಇಂಗ್ಲಿಷ್ ಅಡಿಬರಹಗಳು ಇದನ್ನು ಸಾಮಾನ್ಯವಾಗಿ ಸ್ವಾರ್ಥಿ ಎಂಬರ್ಥದಲ್ಲಿ ಅನುವಾದಿಸಿವೆ. ನಮ್ಮಲ್ಲಿ ಬಹುಮಂದಿ ಈ ಚಿತ್ರವನ್ನು ನೋಡುವುದು ಆ ಅಡಿಬರಹಗಳ ಮೂಲಕವೇ ಆದುದರಿಂದ ಇದನ್ನು ಸ್ವಲ್ಪ ವಿಸ್ತರಿಸಬೇಕು. ಜುರುಯಿ ಎಂದರೆ ತನ್ನ ಲಾಭವನ್ನು ನೋಡಿಕೊಳ್ಳುವುದಷ್ಟೇ ಅಲ್ಲ; ಒಳಗೊಂದು ಹೊರಗೊಂದು ಇರುವುದು. ಕನ್ನಡದ 'ಕಪಟಿ' ಅಥವಾ ಆಡುಮಾತಿನ 'ಠಕ್ಕಿ' ಅದಕ್ಕೆ ಹೆಚ್ಚು ಹತ್ತಿರ. ಗಂಡನನ್ನು ನೆನೆಯದೆ ಕಳೆಯುವ ದಿನಗಳಿವೆ. ಹೀಗೇ ಒಬ್ಬಳೇ ಇದ್ದರೆ ಏನಾದೀತೆಂದು ರಾತ್ರಿಗಳಲ್ಲಿ ಅನಿಸುತ್ತದೆ. ಮನಸ್ಸಿನ ಮೂಲೆಯಲ್ಲಿ ಏನನ್ನೋ ಕಾಯುತ್ತಿದ್ದೇನೆ ಎಂದು ಆಕೆ ಒಪ್ಪಿಕೊಳ್ಳುತ್ತಾಳೆ. ಆಕೆಯ ಸೇವೆಯ ಮೂಲ ಗಂಡನ ನೆನಪಲ್ಲ, ಬಹುಶಃ ಆ ನೆನಪು ಮಾಸುತ್ತಿದೆಯೆಂಬ ಅರಿವು. ಸತ್ತವನನ್ನು ಮರೆಯುತ್ತಿರುವ ಹೆಂಡತಿ ಸತ್ತವನ ತಾಯಿತಂದೆಯರನ್ನು ಬಿಡಲಾರದೆ ಹಿಡಿದಿದ್ದಾಳೆ.

ಇಲ್ಲಿ ನಮ್ಮ ಕಾವ್ಯಮೀಮಾಂಸೆಯ ಒಂದು ವಿವೇಚನೆಯನ್ನು ಪ್ರಯೋಗಿಸಿ ನೋಡಬಹುದು. ಭರತನು ಕರುಣ ಮತ್ತು ವಿಪ್ರಲಂಭ ಶೃಂಗಾರಗಳನ್ನು ಬೇರ್ಪಡಿಸುವುದು ಅಪೇಕ್ಷೆಯ ಆಧಾರದ ಮೇಲೆ. ಪುನರ್ಮಿಲನದ ಆಸೆ ಉಳಿದಿರುವಾಗ ಅದು ವಿಪ್ರಲಂಭ, ಆಸೆ ಕಡಿದುಹೋದಾಗ ಕರುಣ. ನೊರಿಕೊ ಎರಡರಲ್ಲಿಯೂ ನಿಲ್ಲುವುದಿಲ್ಲ. ಶೋಜಿ ಮರಳಿ ಬರುತ್ತಾನೆಂಬ ಆಸೆ ಆಕೆಗಿಲ್ಲ, ಆದುದರಿಂದ ಇದು ವಿಪ್ರಲಂಭವಲ್ಲ. ಅವನ ಸಾವಿನ ಶೋಕವೂ ಸ್ಥಾಯಿಯಾಗಿ ಉಳಿದಿಲ್ಲ, ಆದುದರಿಂದ ಕರುಣವೆನ್ನಲೂ ಆಗದು. ಅಪೇಕ್ಷೆ ಇದೆ, ಆದರೆ ಅದಕ್ಕೆ ವಿಷಯವಿಲ್ಲ. ಯಾರನ್ನೆಂದು ತಿಳಿಯದೆ ಕಾಯುವ ಸ್ಥಿತಿ. ರಸಸಿದ್ಧಾಂತದ ಚೌಕಟ್ಟು ಇಲ್ಲಿ ವಿಫಲವಾಯಿತೆಂದು ತೀರ್ಮಾನಿಸಬೇಕಾಗಿಲ್ಲ. ಅದು ಬೇರ್ಪಡಿಸಿ ತೋರಿಸಿದ ಎರಡು ನೆಲೆಗಳ ನಡುವಿನ ತೆರಪಿನಲ್ಲಿಯೇ ಈ ಹೆಣ್ಣು ನಿಂತಿದ್ದಾಳೆಂಬುದನ್ನು ಮೊನೊ ನೊ ಅವರೆಗಿಂತ ನಿಖರವಾಗಿ ಅದು ಕಾಣಿಸಿಕೊಡುತ್ತದೆ.

ಓಝುವಿನ ಕ್ಯಾಮೆರಾ ಈ ತೆರಪನ್ನು ಹೇಗೆ ಹಿಡಿಯುತ್ತದೆಂಬುದನ್ನು ಒಂದೇ ಉದಾಹರಣೆಯಿಂದ ಹೇಳುತ್ತೇನೆ. ತೊಮಿ ಒಂದು ರಾತ್ರಿ ನೊರಿಕೊಳ ಒಂಟಿ ಕೋಣೆಯಲ್ಲಿ ಮಲಗುತ್ತಾಳೆ, ಮಗನ ಹಾಸಿಗೆಯಿದ್ದ ಕಡೆ. ಮಗನನ್ನು ಮರೆತು ಬೇರೆ ಮದುವೆಯಾಗೆಂದು ಆಕೆಯೂ ಹೇಳುತ್ತಾಳೆ; ಸೊಸೆ ನಕ್ಕು ಮಾತು ಹಾರಿಸುತ್ತಾಳೆ. ದೀಪ ಆರಿದ ಮೇಲೆ ಅತ್ತೆಯ ಬಿಕ್ಕು ಕೇಳುತ್ತದೆ. ಆನಂತರ ನೊರಿಕೊಳ ಮುಖ, ಕತ್ತಲಲ್ಲಿ ತೆರೆದ ಕಣ್ಣು. ಇಬ್ಬರೂ ಒಬ್ಬನಿಗಾಗಿಯೇ ಎಚ್ಚರವಾಗಿದ್ದಾರೆ, ಒಂದೇ ಚೌಕಟ್ಟಿನಲ್ಲಿ ಅಲ್ಲ. ನೆಲದಿಂದ ಸ್ವಲ್ಪವೇ ಎತ್ತರದಲ್ಲಿ ಅಲುಗದೆ ನಿಲ್ಲುವ ಈ ಕ್ಯಾಮೆರಾ ಅಳುವವರನ್ನು ಸಂತೈಸಲು ಮುಂದೆ ಸರಿಯುವುದಿಲ್ಲ. ಕೊನೆಯಲ್ಲಿ ಶುಕಿಚಿ ಸತ್ತ ಹೆಂಡತಿಯ ಜೇಬುಗಡಿಯಾರವನ್ನು ಸೊಸೆಗೆ ಕೊಡುತ್ತಾನೆ. ತೊಮಿ ಅದನ್ನು ಇಟ್ಟುಕೊಳ್ಳಲಾರಂಭಿಸಿದ್ದು ನಿನ್ನ ವಯಸ್ಸಿನಲ್ಲಿಯೇ ಎನ್ನುತ್ತಾನೆ. ಉಡುಪನ್ನು ಮಗಳು ಕೇಳಿ ಪಡೆದಳು, ಗಡಿಯಾರ ಕೇಳದವಳಿಗೆ ಬಂತು. ಆಸ್ತಿಯ ಹಕ್ಕಿಲ್ಲದವಳಿಗೆ ದೊರೆತ ಆಸ್ತಿಯೆಂದರೆ ಕಾಲ.

ಓಝುವಿನ ಹಿಂದಿನ ಎರಡು ಚಿತ್ರಗಳಲ್ಲಿಯೂ ಹರಾ ವಹಿಸಿದ ಪಾತ್ರದ ಹೆಸರು ನೊರಿಕೊ, ಕಥೆಗಳು ಬೇರೆ. 'ಬನ್‌ಶುನ್' (ವಸಂತದ ಕೊನೆ, ೧೯೪೯) ಚಿತ್ರದಲ್ಲಿ ವಿಧುರ ತಂದೆಯನ್ನು ಬಿಟ್ಟು ಮದುವೆಯಾಗಲೊಲ್ಲದ ಮಗಳಿಗೆ, ತಾನೇ ಮರುಮದುವೆಯಾಗುವೆನೆಂದು ತಂದೆ ಸುಳ್ಳು ಹೇಳಿ ಕಳಿಸಿಕೊಡುತ್ತಾನೆ. ಅಲ್ಲಿಯೂ ಒಂದು ಚುಂಬನವಿದೆ. ವಿವಾಹ ವಿಚ್ಛೇದಿತೆಯಾದ, ಸ್ವಂತ ದುಡಿಮೆಯ ಮೇಲೆ ಬದುಕುವ ಮಗಳ ಗೆಳತಿ ಆಯ, ಸುಳ್ಳಿನ ಸಂಗತಿ ತಿಳಿದು ಮುದುಕನ ಹಣೆಗೆ ಮುತ್ತಿಡುತ್ತಾಳೆ. ಆಡಳಿತ ಬಯಸಿದ ಮುತ್ತನ್ನು ಓಝು ಇಟ್ಟ ಜಾಗ ಅದು. 'ಬಕುಶು' (ಬಾರ್ಲಿ ಕೊಯ್ಲಿನ ಕಾಲ, ೧೯೫೧) ಚಿತ್ರದ ನೊರಿಕೊ, ಮನೆಯವರು ನೋಡಿದ ಅನುಕೂಲಸ್ಥ ವರನನ್ನು ಬಿಟ್ಟು, ನೆರೆಮನೆಯ ತಾಯಿಯೊಬ್ಬಳ ಮಾತಿಗೆ ಆ ಕ್ಷಣವೇ ಒಪ್ಪಿ ಮಗುವಿರುವ ವಿಧುರನನ್ನು ವರಿಸುತ್ತಾಳೆ. ಆತ ಯುದ್ಧದಲ್ಲಿ ಕಾಣೆಯಾದ ಆಕೆಯ ಅಣ್ಣನ ಸ್ನೇಹಿತ. ಆ ಅಣ್ಣನ ಹೆಸರೂ ಶೋಜಿಯೇ. ಸಂವಿಧಾನದ ೨೪ನೆಯ ವಿಧಿಯನ್ನು ಅಕ್ಷರಶಃ ಪಾಲಿಸಿದ ಈ ಮದುವೆಯ ಫಲವಾಗಿ ಮೂರು ತಲೆಮಾರಿನ ಮನೆ ಒಡೆದು, ತಂದೆತಾಯಿಯರು ಯಮಾತೊದ ಹಳ್ಳಿಗೆ ಹೊರಡುತ್ತಾರೆ. ಯಾರ ತಪ್ಪೂ ಇಲ್ಲ.

೪

ಅದೇ ೧೯೫೩ರಲ್ಲಿ, ಅದೇ ಅತಾಮಿಯಲ್ಲಿ ನಡೆಯುವ ಇನ್ನೊಂದು ಕಥೆಯಿದೆ. ಕೆಯ್ಸುಕೆ ಕಿನೊಶಿಟನ 'ನಿಹೊನ್ ನೊ ಹಿಗೆಕಿ' (ಜಪಾನಿನ ದುರಂತ) ಚಿತ್ರದ ಹರುಕೊ ಯುದ್ಧ ವಿಧವೆ. ಕಾಳಸಂತೆಯ ವ್ಯಾಪಾರ ಮಾಡಿ, ಅತಾಮಿಯ ವಸತಿಗೃಹದಲ್ಲಿ ಗಿರಾಕಿಗಳ ಸೇವೆ ಮಾಡಿ ಇಬ್ಬರು ಮಕ್ಕಳನ್ನು ಬೆಳೆಸಿದ್ದಾಳೆ. ಮಕ್ಕಳಿಗೆ ತಾಯಿಯೆಂದರೆ ಅಸಹ್ಯ. ವೈದ್ಯಕೀಯ ಓದುವ ಮಗ ಶ್ರೀಮಂತ ವೈದ್ಯನ ಮನೆಗೆ ದತ್ತುಹೋಗಲು ತಾಯಿಯ ಒಪ್ಪಿಗೆ ಬೇಡುತ್ತಾನೆ, ಮಗಳು ತನಗೆ ಇಂಗ್ಲಿಷ್ ಕಲಿಸುತ್ತಿದ್ದ ವಿವಾಹಿತನೊಡನೆ ಓಡಿಹೋಗುತ್ತಾಳೆ, ತಾಯಿ ರೈಲಿಗೆ ಬೀಳುತ್ತಾಳೆ. ಕಿನೊಶಿಟ ಕಥೆಯ ನಡುನಡುವೆ ಆ ಕಾಲದ ವಾರ್ತಾಚಿತ್ರಗಳನ್ನು ಸೇರಿಸಿರುವುದರಿಂದ ಈ ಮನೆಯ ಸಂಗತಿ ಮನೆಯದಷ್ಟೇ ಆಗಿ ಉಳಿಯುವುದಿಲ್ಲ. ಓಝುವಿಗಿಂತ ಒರಟಾದ ಕೃತಿ. ಕೆಲವೆಡೆ ವಾದ ಕಥೆಯನ್ನು ಮೀರಿಸುತ್ತದೆ. ಆದರೆ ಕೊನೆಯಲ್ಲಿ ಆಕೆಯನ್ನು ಒಳ್ಳೆಯ ಮನಸ್ಸಿನಿಂದ ನೆನೆಯುವವರು ಯಾರೆಂಬುದನ್ನು ಗಮನಿಸಬೇಕು. ವಸತಿಗೃಹದ ಅಡಿಗೆಯವನು ಮತ್ತು ಬೀದಿಯಲ್ಲಿ ಗಿಟಾರ್ ನುಡಿಸಿ ಹಾಡುವ ಹುಡುಗ. ತಾನಿನ್‌ಗಳು.

ಅಕಿರಾ ಕುರೊಸಾವನ 'ಇಕಿರು' (ಬದುಕುವುದು, ೧೯೫೨) ಚಿತ್ರವನ್ನು ಸಾವಿನ ಎದುರು ಅರ್ಥ ಹುಡುಕುವ ವ್ಯಕ್ತಿಯ ಕಥೆಯೆಂದು ನೋಡುವುದು ರೂಢಿ. ಹೆಂಡತಿ ಸತ್ತ ಮೇಲೆ ಮಗನಿಗಾಗಿಯೇ ಮರುಮದುವೆಯಾಗದೆ ಉಳಿದ ನಗರಸಭೆಯ ಅಧಿಕಾರಿ ವತನಬೆಗೆ ಹೊಟ್ಟೆಯ ಕ್ಯಾನ್ಸರ್ ಇರುವುದು ಮಗನಿಗೆ ಕೊನೆಯವರೆಗೂ ತಿಳಿಯುವುದಿಲ್ಲ. ಅವನ ಉತ್ತರಕ್ರಿಯೆಯ ದೀರ್ಘ ದೃಶ್ಯದಲ್ಲಿ, ಸಹೋದ್ಯೋಗಿಗಳು ಅವನ ಹೆಸರನ್ನು ಸಣ್ಣದು ಮಾಡುತ್ತ ಕುಳಿತಿರುವಾಗ, ಅವನು ಕಟ್ಟಿಸಿದ ಉದ್ಯಾನದ ಬಡಾವಣೆಯ ಹೆಂಗಸರು ಒಳಬಂದು ಧೂಪ ಹಾಕಿ ಅಳುತ್ತಾರೆ. ಮಾತಿಲ್ಲ. ಅಧಿಕಾರಿಗಳು ತಲೆ ತಗ್ಗಿಸುತ್ತಾರೆ. ಶೋಕದ ಹಕ್ಕು ರಕ್ತದಿಂದ ಬಂದವರಲ್ಲಿ ಇಲ್ಲವಾದಾಗ ಅದನ್ನು ಹೊರಗಿನವರು ವಹಿಸಿಕೊಳ್ಳುತ್ತಾರೆ. ಓಝು, ಕಿನೊಶಿಟ, ಕುರೊಸಾವ ಈ ಮೂವರ ಶೈಲಿಯಲ್ಲಿ ಸಮಾನವಾದುದು ಬಹಳ ಕಡಿಮೆ. ಆದರೂ ಒಂದು ವರ್ಷದ ಆಸುಪಾಸಿನಲ್ಲಿ ಬಂದ ಮೂರೂ ಚಿತ್ರಗಳು ಈ ಒಂದು ಕಡೆ ಕೂಡುವುದನ್ನು ಆಕಸ್ಮಿಕವೆಂದು ತಳ್ಳಿಹಾಕಲಾಗದು.

೫

ಇಲ್ಲಿಯವರೆಗೆ ನೋಡಿದ ಪ್ರೀತಿ ಗಂಡುಹೆಣ್ಣಿನದಲ್ಲ. ಕಾಮವನ್ನೂ ಒಳಗೊಂಡ ಪ್ರೇಮದಲ್ಲಿ ಈ ಬಿಕ್ಕಟ್ಟು ಏನಾಗುತ್ತದೆಂದು ತಿಳಿಯಲು ಮಿಕಿಯೊ ನರುಸೆಯ (೧೯೦೫-೧೯೬೯) ಕಡೆಗೆ ತಿರುಗಬೇಕು. ಕನ್ನಡದಲ್ಲಿ ಕುರೊಸಾವನ ಹೆಸರು ಕೇಳದ ಸಿನಿಮಾಸಕ್ತರಿಲ್ಲ. ನರುಸೆಯ ಹೆಸರು ಅಷ್ಟು ಕೇಳಿಬರುವುದಿಲ್ಲ. ಓಝುವಿನ ಮನೆಗಳಲ್ಲಿ ಹಣದ ಮಾತು ಬರುತ್ತದೆ. ನರುಸೆಯ ಮನೆಗಳಲ್ಲಿ ಹಣದ ಮಾತೇ ಮಾತು.

೧೯೫೫ರ 'ಉಕಿಗುಮೊ' (ತೇಲುವ ಮೋಡಗಳು) ಫುಮಿಕೊ ಹಯಾಶಿಯ ಕಾದಂಬರಿಯನ್ನು ಆಧರಿಸಿದೆ. ಯುದ್ಧಕಾಲದಲ್ಲಿ ಫ್ರೆಂಚ್ ಇಂಡೋಚೀನದ ದಲತ್‌ನಲ್ಲಿ ಜಪಾನಿನ ಅರಣ್ಯ ಇಲಾಖೆಯ ಅಧಿಕಾರಿ ತೊಮಿಒಕ ಮತ್ತು ಬೆರಳಚ್ಚುಗಾರ್ತಿ ಯುಕಿಕೊ ಪರಸ್ಪರ ಮೋಹಗೊಂಡಿದ್ದರು. ಸೋತ ದೇಶಕ್ಕೆ ಮರಳಿದ ಯುಕಿಕೊ ಅವನ ಮನೆಯ ಬಾಗಿಲಿಗೆ ಬರುತ್ತಾಳೆ. ಅವನು ಕೊಟ್ಟ ಮಾತಿನಂತೆ ಹೆಂಡತಿಯನ್ನು ಬಿಟ್ಟಿಲ್ಲ. ಅಲ್ಲಿಂದ ಚಿತ್ರ ಇಬ್ಬರ ಬೇರೆಯಾಗುವಿಕೆ ಮತ್ತು ಕೂಡುವಿಕೆಗಳ ಸರಣಿ. ಪಕ್ಕಪಕ್ಕದಲ್ಲಿ ನಡೆಯುತ್ತ ಅವರು ಆಡುವ ಮಾತೆಲ್ಲವೂ ದಲತ್ ಕುರಿತದ್ದು. ಆ ನೆನಪಿನ ದೃಶ್ಯಗಳಲ್ಲಿ ಬೆಳಕು ತುಂಬಿದೆ. ಟೋಕಿಯೊದಲ್ಲಿ ಕೆಸರು ಮತ್ತು ಮಂಕು. ಈ ಚಿತ್ರವನ್ನು ಅಮರಪ್ರೇಮದ ಕಥೆಯೆಂದು ಕೊಂಡಾಡುವವರು ಒಂದು ಅಂಶವನ್ನು ಮರೆಯುತ್ತಾರೆ. ಆ ಪ್ರೇಮ ಅರಳಿದುದು ಆಕ್ರಮಿಸಿಕೊಂಡ ಪರರ ನೆಲದಲ್ಲಿ, ಪರರ ಕಾಡನ್ನು ಅಳೆಯುವ ಕೆಲಸದ ನಡುವೆ, ಸಾಮ್ರಾಜ್ಯ ಒದಗಿಸಿದ ಬಿಡುವಿನಲ್ಲಿ. ಸಾಮ್ರಾಜ್ಯ ಕುಸಿದ ಮೇಲೆ ಆ ಪ್ರೇಮಕ್ಕೆ ನಿಲ್ಲಲು ಮನೆಯಿಲ್ಲ, ಊರಿಲ್ಲ. ಚಿತ್ರ ಇದನ್ನು ಘೋಷಿಸುವುದಿಲ್ಲ, ಕ್ಷಮಿಸುವುದೂ ಇಲ್ಲ. ಕೊನೆಗೆ ಮಳೆ ಬಿಡದ ಯಕುಶಿಮ ದ್ವೀಪದಲ್ಲಿ ಯುಕಿಕೊ ಕಾಯಿಲೆಯಿಂದ ಸತ್ತಾಗ, ಇತರರನ್ನು ಹೊರಗೆ ಕಳಿಸಿ, ತೊಮಿಒಕ ಹೆಣದ ತುಟಿಗೆ ಬಣ್ಣ ಹಚ್ಚಿ ಅಳುತ್ತಾನೆ. ಅವನು ಆಕೆಯನ್ನು ಆದರಿಸಿದ ಏಕೈಕ ಗಳಿಗೆಯನ್ನು ನೋಡಲು ಆಕೆಗೆ ಕಣ್ಣಿಲ್ಲ.

ನನ್ನ ದೃಷ್ಟಿಯಲ್ಲಿ, ಈ ಲೇಖನದ ಪ್ರಶ್ನೆಯನ್ನು ಅತ್ಯಂತ ನಿಷ್ಠುರವಾಗಿ ಎತ್ತುವ ಕೃತಿ ನರುಸೆಯ 'ಮಿದರೆರು' (ಕದಡುವುದು, ೧೯೬೪). ಉಕಿಗುಮೊದ ಯುಕಿಕೊಳಾಗಿ ನಟಿಸಿದ್ದ ಹಿಡೆಕೊ ತಕಮಿನೆಯೇ ಇಲ್ಲಿ ರೆಯ್ಕೊ. ಶಿಮಿಜು ಎಂಬ ಊರಿನಲ್ಲಿ ಗಂಡನ ಮನೆಯ ಅಂಗಡಿಯನ್ನು ನಡೆಸುತ್ತಿರುವ ಯುದ್ಧ ವಿಧವೆ. ಗಂಡನೊಡನೆ ಬಾಳಿದ್ದು ಕೆಲವೇ ತಿಂಗಳು. ಅಂಗಡಿಯೊಡನೆ ಹದಿನೆಂಟು ವರ್ಷ. ಬಾಂಬುದಾಳಿಯಲ್ಲಿ ಸುಟ್ಟುಹೋದ ಅದನ್ನು ಮತ್ತೆ ಎಬ್ಬಿಸಿದವಳು ಆಕೆ. ಈಗ ಊರಿಗೆ ಸೂಪರ್ ಮಾರ್ಕೆಟ್ ಬಂದಿದೆ, ಚಿಕ್ಕ ಅಂಗಡಿಗಳು ಮುಳುಗುತ್ತಿವೆ. ನಾದಿನಿಯರಿಗೆ ಅಂಗಡಿಯ ಜಾಗದಲ್ಲಿ ತಾವೇ ಸೂಪರ್ ಮಾರ್ಕೆಟ್ ಕಟ್ಟಬೇಕೆಂದಿದೆ. ಅದಕ್ಕೆ ಅಡ್ಡಿ ಅತ್ತಿಗೆ. ಆಕೆಗೆ ವರನನ್ನು ಹುಡುಕುವ ಅವರ ಕಾಳಜಿಯ ಹಿಂದಿರುವ ಲೆಕ್ಕಾಚಾರವನ್ನು ನರುಸೆ ಒಂದು ನೋಟ, ಒಂದು ಅರ್ಧ ಮಾತಿನಲ್ಲಿ ತೋರಿಸಿಬಿಡುತ್ತಾನೆ. ಟೋಕಿಯೊ ಮೊನೊಗತಾರಿಯಲ್ಲಿ ಮರುಮದುವೆಯಾಗೆಂದು ಹೇಳಿದ್ದು ಪ್ರೀತಿ. ಹನ್ನೊಂದು ವರ್ಷಗಳ ಬಳಿಕ ಅದೇ ಮಾತು ಹೊರದಬ್ಬುವ ಉಪಾಯ.

ಮೈದುನ ಕೋಜಿ ಕೆಲಸ ಬಿಟ್ಟು ಊರಿಗೆ ಬಂದು ಕುಡಿತ ಜೂಜುಗಳಲ್ಲಿ ಕಾಲ ಕಳ್ಳುವವನು. ಆಕೆ ಮದುವೆಯಾಗಿ ಬಂದಾಗ ಅವನಿನ್ನೂ ಬಾಲಕ. ತಾನು ಊರು ಬಿಡದಿರುವುದು ಆಕೆಗಾಗಿ ಎಂದು ಅವನು ಒಂದು ದಿನ ಹೇಳಿಬಿಡುತ್ತಾನೆ. ಈ ಪ್ರೇಮ ಎಲ್ಲೆ ಮೀರಿದ್ದೆಂದು ಕನ್ನಡದ ಓದುಗರಿಗೆ ತೋರಬಹುದು, ಅತ್ತಿಗೆಯನ್ನು ತಾಯಿಗೆ ಸಮವೆಂದು ನೋಡುವ ಭಾವನೆ ನಮ್ಮಲ್ಲಿದೆ. ಜಪಾನಿನಲ್ಲಿ ಸತ್ತ ಅಣ್ಣನ ಹೆಂಡತಿಯನ್ನು ತಮ್ಮನು ಮದುವೆಯಾಗುವುದು ಅಪರಿಚಿತವಾಗಿರಲಿಲ್ಲ. ಮನೆತನ ಉಳಿಯಲೆಂದು ಹಿರಿಯರೇ ಅಂತಹ ಮದುವೆ ಮಾಡಿಸುತ್ತಿದ್ದುದುಂಟು. ಮನೆತನಕ್ಕಾಗಿ ಆಗಬಹುದಾಗಿದ್ದ ಮದುವೆ ಪ್ರೇಮಕ್ಕಾಗಿ ಅಸಾಧ್ಯವಾಗುವುದು ಇಲ್ಲಿನ ವಿಪರ್ಯಾಸ. ರೆಯ್ಕೊಳನ್ನು ತಡೆಯುವುದು ನಿಷೇಧವಲ್ಲ. ಹದಿನೆಂಟು ವರ್ಷ ತಾನು ಬಾಳಿದ್ದು ಸತ್ತ ಗಂಡನ ಹೆಂಡತಿಯಾಗಿ. ಕೋಜಿಗೆ ಒಪ್ಪಿದರೆ ಆ ವರ್ಷಗಳಿಗೆ ಅರ್ಥವೇನು ಎಂಬ ದಿಗಿಲು. ಆ ಬದುಕನ್ನು ವ್ಯರ್ಥ ತ್ಯಾಗವೆಂದು ಕೋಜಿ ಕರೆದಾಗ, ತಾನು ಬದುಕಿದ್ದೆ ಎಂಬಂತೆ ಆಕೆ ಕೆರಳುತ್ತಾಳೆ. ಆದರೆ ಮಾತು ಹೊರಬಿದ್ದ ಮೇಲೆ ಮನೆಯ ಅಳತೆಯೇ ಬದಲಾಗುತ್ತದೆ. ನಿನ್ನೆಯವರೆಗೆ ನಿರಾಳವಾಗಿ ಓಡಾಡುತ್ತಿದ್ದ ಅಂಗಡಿಯಲ್ಲಿ ಈಗ ಅವನು ಎಲ್ಲಿ ನಿಂತಿದ್ದಾನೆಂಬ ಅರಿವು ಅವಳ ಭುಜದಲ್ಲಿ, ಕೈಯಲ್ಲಿ, ತಿರುಗದ ಕತ್ತಿನಲ್ಲಿ ಕಾಣುತ್ತದೆ.

ಆಕೆ ಮನೆ ಬಿಟ್ಟು ಉತ್ತರದಲ್ಲಿರುವ ತವರಿಗೆ ಹೊರಡುತ್ತಾಳೆ. ಕೋಜಿ ಅದೇ ರೈಲು ಹತ್ತುತ್ತಾನೆ. ಮುಂದಿನ ದೃಶ್ಯಸರಣಿಗೆ ಸಮನಾದುದನ್ನು ಪ್ರೇಮದ ಚಿತ್ರಗಳಲ್ಲಿ ನಾನು ಕಂಡಿಲ್ಲ. ತುಂಬಿದ ಬೋಗಿಯಲ್ಲಿ ಅವನು ಮೊದಲು ದೂರ ನಿಂತಿದ್ದಾನೆ. ಜನ ಇಳಿದಂತೆ ಒಂದೊಂದೇ ಆಸನ ಹತ್ತಿರವಾಗುತ್ತ ಬರುತ್ತಾನೆ. ಕಿತ್ತಳೆ ಹಣ್ಣು, ಪತ್ರಿಕೆ, ಒಂದು ಕಿರುನಗೆ. ಕೊನೆಗೆ ಎದುರು ಬಂದು ಕುಳಿತಾಗ ಅವರಿಬ್ಬರ ನಡುವಿನ ಹದಿನೆಂಟು ವರ್ಷಗಳ ಅಂತರವನ್ನು ರೈಲು ಒಂದು ಪ್ರಯಾಣದಲ್ಲಿ ಕರಗಿಸಿದಂತಿದೆ. ಅವನು ನಿದ್ದೆ ಹೋಗಿರುವಾಗ ಆ ಮುಖವನ್ನು ನೋಡುತ್ತ ಆಕೆ ಅಳುತ್ತಾಳೆ; ಮುಂದಿನ ನಿಲ್ದಾಣದಲ್ಲಿ ಇಳಿಯೋಣವೆಂದು ಆಕೆಯೇ ಹೇಳುತ್ತಾಳೆ. ಮನೆಯಲ್ಲಿ ಅಸಾಧ್ಯವಾಗಿದ್ದುದು ರೈಲಿನಲ್ಲಿ ಸಾಧ್ಯವಾಗುವುದೇಕೆ? ಅಲ್ಲಿ ಅವರು ಅತ್ತಿಗೆ ಮೈದುನರೆಂದು ಬಲ್ಲವರು ಯಾರೂ ಇಲ್ಲ. ಸಹಪ್ರಯಾಣಿಕರ ಪಾಲಿಗೆ ಅವರು ಬರಿಯ ಒಬ್ಬ ಗಂಡು, ಒಬ್ಬಳು ಹೆಣ್ಣು. ತಾನಿನ್ ಆಗುವುದು ನೊರಿಕೊಳಿಗೆ ನೋವಾಗಿತ್ತು. ರೆಯ್ಕೊಳಿಗೆ ಕೆಲವು ಗಂಟೆಗಳ ಸುಖ.

ಇಳಿದದ್ದು ಗಿನ್‌ಜಾನ್ ಎಂಬ ಬಿಸಿನೀರ ಬುಗ್ಗೆಗಳ ಊರಿನಲ್ಲಿ. ವಸತಿಗೃಹದ ಕೋಣೆಯೊಳಗೆ ಬಂದೊಡನೆ ಅದು ಮತ್ತೆ ಮನೆಯಾಗಿಬಿಡುತ್ತದೆ. ಆಕೆ ಅವನ ಬೆರಳಿಗೆ ಕಾಗದದ ಹುರಿಯೊಂದನ್ನು ಕಟ್ಟುತ್ತಾಳೆ. ಅವನ ಮಾತಿನಿಂದ ತನಗೆ ಸಂತೋಷವಾಗಿತ್ತೆಂದು ಒಪ್ಪಿಕೊಳ್ಳುತ್ತಾಳೆ. ಆದರೆ ಅವನು ತಬ್ಬಿದಾಗ ಆಗದೆಂದು ಹಿಂದೆ ಸರಿಯುತ್ತಾಳೆ. ಅವನು ಹೊರಗೆ ಹೋಗಿ ಕುಡಿಯುತ್ತಾನೆ. ಬೆಳಿಗ್ಗೆ ಕಿಟಕಿಯಿಂದ ನೋಡಿದರೆ ನದಿಯ ಆಚೆ ದಡದಲ್ಲಿ ಯಾರನ್ನೋ ಹೊತ್ತು ತರುತ್ತಿದ್ದಾರೆ. ಹೊದಿಕೆಯಿಂದ ಹೊರಗೆ ಇಳಿಬಿದ್ದ ಕೈ, ಬೆರಳಿನಲ್ಲಿ ಕಾಗದದ ಹುರಿ. ಆಕೆ ಓಡುತ್ತಾಳೆ. ಹೊತ್ತವರು ಮುಂದೆ ಮುಂದೆ ಹೋಗುತ್ತಾರೆ, ಆಕೆ ಮುಟ್ಟಲಾರಳು. ನಡುದಾರಿಯಲ್ಲಿ ನಿಲ್ಲುತ್ತಾಳೆ. ಸಮೀಪದಿಂದ ಕಾಣುವ ಆ ಕೆದರಿದ ಕೂದಲಿನ ಮುಖದ ಮೇಲೆ ಚಿತ್ರ ಮುಗಿಯುತ್ತದೆ. ಆ ಊರಿನವರು ಬಂದು, ಸತ್ತವನು ನಿಮಗೆ ಏನಾಗಬೇಕು ಎಂದು ಕೇಳಿದರೆ ಕೊಡಲು ಆಕೆಯ ಬಳಿ ಇರುವುದು ಒಂದೇ ಪದ. ಬದುಕಿರುವವರೆಗೂ ಅವನು ಆಕೆಯನ್ನು ಕರೆಯುತ್ತಿದ್ದುದು 'ನೇಸಾನ್' ಎಂದು, ಅಕ್ಕ ಎಂಬರ್ಥದಲ್ಲಿ.